ಸಿಡುಕ ಹೀರೋನನ್ನು ಓದುವವರ ಪರವಾಗಿ

ಹೆಂಡತಿಯನ್ನು ಗದರುವ, ತೋಳು ಹಿಡಿದು ಎಳೆಯುವ, ಬಾಯಿಗೆ ಬಂದಂತೆ ಅನ್ನುವ ಹೀರೋನ ಕಥೆಗಳನ್ನು ನಮ್ಮ ಹೆಣ್ಣುಮಕ್ಕಳು ಮುಗಿಬಿದ್ದು ಓದುತ್ತಾರೆ, ದಬ್ಬಾಳಿಕೆ ಅವರಿಗೆ ರುಚಿಸತೊಡಗಿದೆ ಎಂಬ ಮಾತು ಅತ್ತಿಬೆಲೆಯಲ್ಲೂ ಕಿವಿಗೆ ಬೀಳುತ್ತಿದೆ. ಹೇಳುವವರು ಕೆಟ್ಟವರಲ್ಲ. ಹೆಣ್ಣುಮಕ್ಕಳ ಒಳಿತು ಬಯಸುವವರು, ಓದುಬರಹದಲ್ಲಿ ನುರಿತವರು. ಅದಕ್ಕೇ ಅವರ ಮಾತುಗಳಿಗೆ ನೇರವಾಗಿ ಉತ್ತರ ಕೊಡುತ್ತಿದ್ದೇನೆ.

ಇದು ಮೊಬೈಲ್ ತಂದ ಹೊಸ ರೋಗ ಎನ್ನುತ್ತಾರೆ. ಇಂಥ ಕಥೆಗಳು ಕಂತುಕಂತಾಗಿ ಬರುವ ಬೆಂಗಳೂರಿನ ಪ್ರತಿಲಿಪಿ ಆ್ಯಪ್ ಶುರುವಾದದ್ದು 2014ರಲ್ಲಿ. ಆದರೆ ಜೇನ್ ಆಸ್ಟೆನ್ ಬರೆದ ಬಿಗುಮಾನದ ಡಾರ್ಸಿ 1813ರವನು, ಷಾರ್ಲೆಟ್ ಬ್ರಾಂಟೆಯ ಗಡಸು ರಾಚೆಸ್ಟರ್ 1847ರವನು. ಅಷ್ಟು ದೂರ ಹೋಗುವುದೂ ಬೇಡ. ಶೇಕ್ಸ್‌ಪಿಯರನ ‘ದಿ ಟೇಮಿಂಗ್ ಆಫ್ ದಿ ಶ್ರೂ’ ಪರ್ವತವಾಣಿಯವರ ಕೈಯಲ್ಲಿ ‘ಬಹದ್ದೂರ್ ಗಂಡ’ ನಾಟಕವಾಯಿತು, 1989ರಲ್ಲಿ ‘ನಂಜುಂಡಿ ಕಲ್ಯಾಣ’ ಸಿನಿಮಾ ಆಯಿತು. ಅದಕ್ಕೂ ಮೂರು ವರ್ಷ ಮೊದಲು ಎಚ್.ಜಿ. ರಾಧಾದೇವಿಯವರ ಕಾದಂಬರಿಯಿಂದ ‘ಅನುರಾಗ ಅರಳಿತು’ ಬಂದಿತ್ತು. ದರ್ಪದ ಕಾರ್ಖಾನೆ ಒಡತಿ, ಅವಳ ಸೊಕ್ಕು ಇಳಿಸುವ ಮೆಕ್ಯಾನಿಕ್. ಆ ಕಥೆ ತಮಿಳು, ತೆಲುಗು, ಹಿಂದಿಗೂ ಹೋಯಿತು. ಎರಡೂ ಚಿತ್ರಗಳ ನಿರ್ದೇಶಕರು ಎಂ.ಎಸ್. ರಾಜಶೇಖರ್.

ಎರಡರಲ್ಲೂ ಸೊಕ್ಕು ಹೆಣ್ಣಿನದು, ಅದನ್ನು ಇಳಿಸುವವನು ಗಂಡು. ಮನೆಮಂದಿಯೆಲ್ಲ ಹೋಗಿ ನೋಡಿ ಚಪ್ಪಾಳೆ ಹೊಡೆದು ಬಂದೆವು. ಇದನ್ನು ನೋಡಿದ ಹುಡುಗರು ಕೆಟ್ಟುಹೋಗುತ್ತಾರೆ ಎಂದು ಆಗ ನಮ್ಮ ಬೀದಿಯಲ್ಲಿ ಯಾರೂ ಚಿಂತೆ ಮಾಡಿದ್ದು ನನಗೆ ನೆನಪಿಲ್ಲ. ಈಗ ಹೆಣ್ಣುಮಕ್ಕಳು ಓದುತ್ತಿರುವ ಕಥೆಗಳಲ್ಲಿ ಸೊಕ್ಕು ಗಂಡಿನದು, ಕೊನೆಗೆ ತಗ್ಗಿ ಬರಬೇಕಾದವನೂ ಅವನೇ. ಆಕ್ಷೇಪ ಎದ್ದಿರುವುದು ಈಗ. ಯಾಕೆ ಎಂದು ಕೇಳುವ ಹಕ್ಕು ನಮಗಿದೆ.

ಬೈಸಿಕೊಳ್ಳುವುದೇ ಅವರಿಗೆ ಖುಷಿ ಎಂಬ ಮಾತಂತೂ ನನಗೆ ಸಿಟ್ಟು ತರಿಸುತ್ತದೆ. ನಮ್ಮ ವಠಾರದ ಹುಡುಗಿಯೊಬ್ಬಳು ಬೊಮ್ಮಸಂದ್ರದ ಕಡೆ ಗಾರ್ಮೆಂಟ್ಸ್‌ನಲ್ಲಿ ಟೈಲರ್. ದಿನವಿಡೀ ಶರ್ಟಿಗೆ ಕಾಲರ್ ಕೂರಿಸುವ ಕೆಲಸ. ಗಂಟೆಗೆ ಇಷ್ಟು ಪೀಸ್ ಎಂಬ ಟಾರ್ಗೆಟ್ ತಪ್ಪಿದರೆ ಸೂಪರ್‌ವೈಸರ್ ಇಡೀ ಲೈನಿಗೆ ಕೇಳುವಂತೆ ಕಿರುಚುತ್ತಾನೆ, ಹೊಲಿಗೆ ಸರಿಯಿಲ್ಲವೆಂದು ಆಲ್ಟರ್‌ಗೆ ವಾಪಸು ಬಂದ ಪೀಸನ್ನು ಮುಖದ ಮೇಲೆ ಎಸೆದದ್ದೂ ಉಂಟು. ವಾಪಸು ಬರುವಾಗ ಬಸ್ಸಿನ ಕಂಬಿಗೆ ಒರಗಿ ನಿಂತು ಅವಳು ಫೋನಿನಲ್ಲಿ ಓದುವುದು ಅಂಥದೇ ಒಬ್ಬ ಸಿಡುಕನ ಕಥೆ. ಯಾಕಮ್ಮಾ ಇದು ಎಂದು ಕೇಳಿದೆ. “ಅವ್ನು ಬೈಯೋದನ್ನ ಓದೋಕೆ ಯಾರಕ್ಕಾ ಕಾಯ್ತಾರೆ? ಅವ್ಳ ಹತ್ರ ಬಂದು ತಪ್ಪಾಯ್ತು ಅಂತಾನಲ್ಲ, ಆ ಎಪಿಸೋಡಿಗೆ ಕಾಯ್ತಿದೀನಿ,” ಎಂದಳು. ಜಗಳದ ಕಂತುಗಳನ್ನು ಹೆಬ್ಬೆರಳಿನಲ್ಲಿ ಸರಸರ ಮೇಲೆ ತಳ್ಳಿ ತೋರಿಸಿದಳು.

ಈ ಕಥೆಗಳ ಕಟ್ಟೋಣವನ್ನು ಸ್ವಲ್ಪ ಗಮನಿಸಿ. ನಾಯಕಿಗೆ ತಿಳಿಯುವ ಮೊದಲೇ ಓದುಗಿಗೆ ನಾಯಕನ ಒಳಗು ತಿಳಿದಿರುತ್ತದೆ. ಬೈದ ರಾತ್ರಿ ಅವನಿಗೆ ನಿದ್ದೆ ಬರಲಿಲ್ಲ, ಅವಳು ಊಟ ಮಾಡಿದಳೇ ಎಂದು ಅಡುಗೆಯವರನ್ನು ಗುಟ್ಟಾಗಿ ವಿಚಾರಿಸಿದ ಎಂಬುದೆಲ್ಲ ನಮಗೆ ಮೊದಲೇ ಗೊತ್ತು. ಹಾಗಾಗಿ ಭಯ ಅಲ್ಲಿಗೇ ಸತ್ತುಹೋಗುತ್ತದೆ. ಲೈನಿನಲ್ಲಿ ಕಿರುಚುವ ಸೂಪರ್‌ವೈಸರನ ತಲೆಯೊಳಗೆ ಏನಿದೆ ಎಂಬುದು ನಮ್ಮ ವಠಾರದ ಹುಡುಗಿಗೆ ಎಂದೂ ಕಾಣದು, ಅವನು ಬಂದು ತಪ್ಪಾಯಿತು ಎನ್ನುವುದೂ ಇಲ್ಲ. ಕಥೆಯಲ್ಲಿ ಎರಡೂ ಸಿಗುತ್ತವೆ. ಅಮೆರಿಕದ ವಿದ್ವಾಂಸೆ ಜಾನಿಸ್ ರಾಡ್ವೇ ಪ್ರೇಮಕಾದಂಬರಿಗಳನ್ನು ಓದುವ ಗೃಹಿಣಿಯರನ್ನೇ ಕೂರಿಸಿಕೊಂಡು ಮಾತನಾಡಿಸಿ 1984ರಲ್ಲಿ ಒಂದು ಪುಸ್ತಕ ಬರೆದರು. ನಿಜವಾದ ಕ್ರೌರ್ಯ ತುಂಬಿದ ಕಾದಂಬರಿಗಳನ್ನು ಆ ಹೆಂಗಸರು ಬಿಸಾಡುತ್ತಿದ್ದರು. ಅವರಿಗೆ ಬೇಕಿದ್ದುದು ಒರಟನೊಳಗಿನ ಅಕ್ಕರೆ. ಓದುವ ಹೊತ್ತು ಮನೆಯವರು ಯಾರೂ ತಮ್ಮನ್ನು ಕರೆಯಬಾರದು ಎಂಬುದೂ ಅವರಿಗೆ ಅಷ್ಟೇ ಮುಖ್ಯವಾಗಿತ್ತು.

ಇಂಥದ್ದನ್ನು ಓದಿ ಓದಿ ಹೆಂಗಸರು ತಗ್ಗಿಬಗ್ಗಿ ನಡೆಯುವುದನ್ನು ಕಲಿಯುತ್ತಾರಂತೆ. 2016ರ ಏಪ್ರಿಲ್‌ನಲ್ಲಿ ನಮ್ಮ ಅತ್ತಿಬೆಲೆ, ಬೊಮ್ಮಸಂದ್ರಗಳ ಮೇಲೆ ಹಾದುಹೋಗುವ ಇದೇ ಹೊಸೂರು ರಸ್ತೆಯಲ್ಲಿ ಏನಾಯಿತೆಂದು ನೆನಪಿಸಿಕೊಳ್ಳಿ. ಪಿಎಫ್‌ನಲ್ಲಿ ಮಾಲೀಕರ ಪಾಲನ್ನು 58 ವರ್ಷ ತುಂಬುವ ತನಕ ಮುಟ್ಟುವಂತಿಲ್ಲ ಎಂಬ ನಿಯಮದ ವಿರುದ್ಧ ಗಾರ್ಮೆಂಟ್ಸ್ ಹೆಣ್ಣುಮಕ್ಕಳು ಸಾವಿರಗಟ್ಟಲೆ ರಸ್ತೆಗಿಳಿದರು. 19ರಂದು ಕೇಂದ್ರ ಸರ್ಕಾರವೇ ನಿಯಮ ಹಿಂದಕ್ಕೆ ಪಡೆಯಿತು. ಅವರೆಲ್ಲ ಕಾದಂಬರಿ ಓದುವವರು ಎಂದು ನಾನು ಹೇಳುತ್ತಿಲ್ಲ. ಆದರೆ ಪಾಠ ಹೇಳಲು ಹೊರಟವರಿಗೆ ತಾವು ಯಾರ ಬಗ್ಗೆ ಮಾತನಾಡುತ್ತಿದ್ದೇವೆ ಎಂಬುದು ಗೊತ್ತಿರಬೇಕು.

ನನ್ನ ಪಕ್ಷದಲ್ಲೇ ನಿಂತು, ಬರೀ ಕಥೆ ತಾನೇ, ಬಿಟ್ಟುಬಿಡಿ ಎನ್ನುವವರೂ ಇದ್ದಾರೆ. ಅವರ ಜೊತೆಗೂ ನನಗೆ ತಕರಾರಿದೆ. ಕಥೆ ಬರೀ ಕಥೆಯಾಗಿದ್ದರೆ ತ್ರಿವೇಣಿಯವರ ‘ಬೆಳ್ಳಿಮೋಡ’ದ ಇಂದಿರಾ ನಮ್ಮಲ್ಲಿ ಇಷ್ಟು ವರ್ಷ ಬಾಳುತ್ತಿರಲಿಲ್ಲ. ಅವಳಿಗೊಬ್ಬ ತಮ್ಮ ಹುಟ್ಟಿ ಆಸ್ತಿ ಕೈತಪ್ಪುತ್ತಲೇ ಅವಳನ್ನು ಮದುವೆಯಾಗಬೇಕಿದ್ದ ಮೋಹನ ಸಂಬಂಧ ಮುರಿದ. ಮುಂದೆ ಅವನು ಪೆಟ್ಟು ಮಾಡಿಕೊಂಡು ಮಲಗಿದಾಗ ಅವಳೇ ಆರೈಕೆ ಮಾಡಿದಳು. ಮನಸ್ಸು ಬದಲಾಗಿ ಮದುವೆಗೆ ಕೇಳಿದ, ಒಲ್ಲೆ ಎಂದಳು. ಉಷಾ ನವರತ್ನರಾಂ ಅವರ ‘ಬಂಧನ’ದಲ್ಲಿ ಜೋರು ಮಾಡುವ ಗಂಡನಿಗೆ ಓದುಗರ ಮನಸ್ಸಿನಲ್ಲಿ ಹೀರೋ ಪಟ್ಟ ಸಿಗಲೇ ಇಲ್ಲ, ಅವರು ಅತ್ತಿದ್ದು ಮೆದು ಮನಸ್ಸಿನ ಡಾಕ್ಟರ್ ಹರೀಶನಿಗಾಗಿ. ಕ್ಷಮೆ ಕೇಳಿದ ಮಾತ್ರಕ್ಕೆ ಕ್ಷಮಿಸಲೇಬೇಕಿಲ್ಲ ಎಂಬುದನ್ನು ಕನ್ನಡದ ಲೇಖಕಿಯರು ಆಗಲೇ ಬರೆದಾಗಿದೆ.

ಆ ಅಳತೆಯಿಂದ ನೋಡಿದರೆ ಈಗಿನ ಧಾರಾವಾಹಿ ಕಥೆಗಳಲ್ಲಿ ಹಲವು ಸೋಲುತ್ತವೆ. ಒಂದು ಕಂತಿನಲ್ಲಿ ಕೆನ್ನೆಗೆ ಹೊಡೆದವನು ಮುಂದಿನ ಕಂತಿನಲ್ಲಿ ಸೀರೆ ತಂದುಕೊಟ್ಟರೆ ಸಾಕು, ಲೆಕ್ಕ ಚುಕ್ತಾ. ಕಂತು ತೆರೆಯಲು ಕಾಸು ಕೊಡಬೇಕಾದ ಕಡೆ ಅವನ ಪಶ್ಚಾತ್ತಾಪವನ್ನು ನೂರಾರು ಕಂತು ಎಳೆದರೆ ಬರೆಯುವವರಿಗೇ ಲಾಭ. ದೂರಬೇಕಾದದ್ದು ಈ ಬರವಣಿಗೆಯನ್ನು, ಓದುವವಳನ್ನಲ್ಲ. ಅವಳೇನೂ ಸುಮ್ಮನಿಲ್ಲ. ನಮ್ಮ ವಠಾರದ ಹುಡುಗಿ ಹೋದ ವಾರ ಅಂಥದೊಂದು ಕಂತಿನ ಕೆಳಗೆ, ಇವಳು ಇಷ್ಟು ಬೇಗ ಒಪ್ಪಿಕೊಂಡರೆ ನಾನು ಮುಂದೆ ಓದುವುದಿಲ್ಲ ಎಂದು ಬರೆದು, ಒಂದೇ ಸ್ಟಾರ್ ಕೊಟ್ಟಳು.