ಕನ್ನಡದ ಅಂಕೆಗಳು

ಕನ್ನಡದ ಅಂಕೆಗಳನ್ನು ಕಲಿಯುವುದು ವ್ಯರ್ಥಶ್ರಮವೆಂದು ಹೇಳುವ ವಿದ್ಯಾರ್ಥಿನಿಯರುಂಟು. ಈ ಮಾತು ನಮಗೆ ಸಮ್ಮತವಲ್ಲ. ೧೮೮೮ ಎಂಬ ಸಂಖ್ಯೆಯನ್ನು ರೋಮನರ ಪದ್ಧತಿಯಲ್ಲಿ ಬರೆಯಲು ಹದಿಮೂರು ಅಕ್ಷರಗಳು ಬೇಕು. ಕನ್ನಡದಲ್ಲಾದರೋ ನಾಲ್ಕೇ ಅಂಕೆಗಳು. ಸ್ಥಾನದಿಂದ ಬೆಲೆಯೇರುವ ಈ ಕ್ರಮವು 1888 ಎಂದು ಬರೆದಾಗಲೂ ಅದೇ. ರೂಪವು ಮಾತ್ರ ಬೇರೆ. ಇಂಗ್ಲಿಷ್ ಅಂಕೆಗಳೆಂದು ನಾವು ಕರೆಯುವವೂ ಭಾರತದಲ್ಲಿಯೇ ಹುಟ್ಟಿ ಅರಬರ ಮೂಲಕ ಯೂರೋಪನ್ನು ಸೇರಿದವು. ಪೀಸಾ ನಗರದ ಲಿಯೊನಾರ್ಡೊ ಎಂಬಾತನು 1202ರಲ್ಲಿ ಅವುಗಳ ಪ್ರಯೋಜನವನ್ನು ಗ್ರಂಥರೂಪವಾಗಿ ವಿವರಿಸಿದನು. ಆದಕಾರಣ ಕನ್ನಡದಲ್ಲಿ ಹೊಸದಾಗಿ ಕಲಿಯಬೇಕಾದುದು ಹತ್ತು ರೂಪಗಳನ್ನಷ್ಟೆ. (೬, ೯ ಇವೆರಡರಲ್ಲಿ ತುಸು ಎಚ್ಚರವಿರಲಿ.) ಅಜ್ಜಿಯ ಪೆಟ್ಟಿಗೆಯಲ್ಲಿರುವ ಹಳೆಯ ಕ್ರಯಪತ್ರವನ್ನು ತೆರೆದು, ಹೊಲವು ೬ ಎಕರೆಯೋ ೯ ಎಕರೆಯೋ ಎಂದು ತಿಳಿಯುವುದಕ್ಕೆ ಓದುಬಲ್ಲ ಮನೆಮಗಳು ಪರರ ಬಾಗಿಲಿಗೆ ಹೋಗಬೇಕೇ?