ಕಲ್ಲಿನ ಬಾಯಲ್ಲಿ ಸುಳ್ಳು ಹೇಳಿಸಬೇಡಿ

ಕಲ್ಲಿನ ಮೇಲೆ ಎಲೆಯ ಆಕಾರ ಕಂಡರೆ ಸಾಕು, ಅದನ್ನು ಪಳೆಯುಳಿಕೆ ಎಂದು ಸಾರುವ ಚಟ ನಮ್ಮಲ್ಲಿದೆ. ವಿಜಯಪುರದ ಮನೆಗಳಿಗೆ ಹಾಸುವ ಶಹಾಬಾದ್ ಫರಸಿಯ ಮೇಲೆ ಕೆಲವೊಮ್ಮೆ ಕಪ್ಪನೆಯ, ಕವಲೊಡೆದ ಗುರುತುಗಳಿರುತ್ತವೆ. ಅಂಥದೊಂದು ಚೂರಿಗೆ ‘ಪ್ರಾಚೀನ ಸಸ್ಯದ ಎಲೆ’ ಎಂದು ಚೀಟಿ ಅಂಟಿಸಿ ಶಾಲೆಯೊಂದರ ವಿಜ್ಞಾನ ಪ್ರದರ್ಶನದಲ್ಲಿ ಇಟ್ಟಿದ್ದನ್ನು ನಾನೇ ನೋಡಿದ್ದೇನೆ. ಅದು ಎಲೆಯಲ್ಲ, ಪದರಗಳ ನಡುವೆ ಜಿನುಗಿದ ನೀರು ಬಿಟ್ಟುಹೋದ ಮ್ಯಾಂಗನೀಸಿನ ಕಲೆ. ಆ ಕಲ್ಲು ಸಮುದ್ರದ ತಳದಲ್ಲಿ ಕೂಡುತ್ತಿದ್ದಾಗ ನೆಲದ ಮೇಲೆ ಎಲೆ ಬಿಡುವ ಗಿಡವೇ ಹುಟ್ಟಿರಲಿಲ್ಲ.

ಇನ್ನು ತಿಕೋಟಾ, ಬಬಲೇಶ್ವರಗಳಲ್ಲಿ ದ್ರಾಕ್ಷಿ ತೋಟಕ್ಕೆಂದು ಬೋರ್‌ವೆಲ್ ಕೊರೆಸಿದವರಿಗೆ ಕೆಳಗಿನ ಕರಿಕಲ್ಲಿನ ಗುಣ ಗೊತ್ತು. ಗೋಳಗುಮ್ಮಟವನ್ನು ಕಟ್ಟಿದ್ದೂ ಅದೇ ಜಾತಿಯ ಕಲ್ಲಿನಿಂದ. ಸುಮಾರು 6.6 ಕೋಟಿ ವರ್ಷಗಳ ಹಿಂದೆ ಕುದಿಯುತ್ತ ಹರಿದು ಹೆಪ್ಪುಗಟ್ಟಿದ ಲಾವಾ ಅದು. ಕುದಿಯುವ ಲಾವಾದೊಳಗೆ ಎಲೆ ಉಳಿಯುವುದೆಂತು?

‘ಹಾಗಾದರೆ ನಮ್ಮ ಮಕ್ಕಳಿಗೆ ತೋರಿಸಲು ಏನೂ ಇಲ್ಲವೇ?’ ಎಂದು ಕೇಳುವವರಿಗೆ ನನ್ನ ಉತ್ತರ: ಇದೆ, ಕೂಡಗಿಗೆ ಹೋಗಿ. ನಮ್ಮ ಜಿಲ್ಲೆಯ ಆ 2400 ಮೆಗಾವ್ಯಾಟ್ ಸ್ಥಾವರಕ್ಕೆ ಕಲ್ಲಿದ್ದಲು ರೈಲಿನಲ್ಲಿ ಬರುತ್ತದೆ. ಭಾರತದ ಕಲ್ಲಿದ್ದಲಿನ ಬಹುಪಾಲು 25 ಕೋಟಿ ವರ್ಷಗಳಿಗೂ ಹಿಂದಿನ ಗೊಂಡ್ವಾನ ಜೌಗು ಕಾಡುಗಳದು. ಅಲ್ಲಿ ಗ್ಲಾಸಾಪ್ಟೆರಿಸ್ ಮರಗಳ ಜೊತೆ ಸ್ಕಿಝೋನ್ಯೂರಾ ಎಂಬ ಗಿಡವೂ ಬೆಳೆಯುತ್ತಿತ್ತು. ಇಂದಿಗೂ ಹಳ್ಳದ ದಂಡೆಗಳಲ್ಲಿ ಬದುಕಿರುವ ಹಾರ್ಸ್‌ಟೇಲ್ ಸಸ್ಯದ, ಅಂದರೆ ಕುದುರೆಬಾಲದ ಗಿಡದ, ಅಳಿದುಹೋದ ಬಂಧು ಅದು. ಕಬ್ಬಿನಂತೆ ಗೆಣ್ಣುಗೆಣ್ಣಾದ ಕಾಂಡ; ಪ್ರತಿ ಗೆಣ್ಣಿನಲ್ಲೂ ಎಲೆಗಳು ಒಂದಕ್ಕೊಂದು ಕೂಡಿಕೊಂಡು ಎರಡು ಅಗಲ ಹಾಳೆಗಳಂತೆ ಬಿರಿದಿರುತ್ತಿದ್ದವು. ಪಶ್ಚಿಮ ಬಂಗಾಳದ ರಾಣಿಗಂಜ್ ಗಣಿಪ್ರದೇಶದ ಜೇಡಿಪದರಗಳಲ್ಲಿ ಅವುಗಳ ಅಚ್ಚು ನರನರವಾಗಿ ಉಳಿದಿದೆ. ಇಂಥವನ್ನು ಅಭ್ಯಸಿಸಲೆಂದೇ ಬೀರಬಲ್ ಸಾಹ್ನಿಯವರು 1946ರಲ್ಲಿ ಲಖನೌದಲ್ಲಿ ಒಂದು ಸಂಸ್ಥೆ ಕಟ್ಟಿದರು.

ನಮ್ಮ ಶಾಲೆಗಳಿಗೆ ಬೇಕಾದದ್ದು ಸುಳ್ಳು ಚೀಟಿಯ ಫರಸಿಯಲ್ಲ. ಒಂದು ತುಂಡು ಕಲ್ಲಿದ್ದಲು, ಒಂದು ತುಂಡು ಕರಿಕಲ್ಲು, ಎಲೆಯಚ್ಚಿರುವ ಒಂದು ಜೇಡಿಕಲ್ಲು ಸಾಕು. ಒಂದರಲ್ಲಿ ಎಲೆ ಏಕಿದೆ, ಇನ್ನೊಂದರಲ್ಲಿ ಏಕಿಲ್ಲ ಎಂದು ಮಗು ಕೇಳಿದರೆ ವಿಜ್ಞಾನ ಅಲ್ಲಿಂದ ಶುರುವಾಗುತ್ತದೆ. ‘ಇಲ್ಲ’ ಎನ್ನುವುದೂ ಒಂದು ಪಾಠವೇ. ಇಲ್ಲದ ಎಲೆಯನ್ನು ಕಾಲಡಿಯ ಫರಸಿಯಲ್ಲಿ ತೋರಿಸುವುದು ಸುಲಭ. ಇದ್ದ ಕಾಡು ದಿನವೂ ನಮ್ಮ ದೀಪಕ್ಕಾಗಿ ಬೂದಿಯಾಗುತ್ತಿದೆ ಎಂದು ಹೇಳಬೇಕಾದರೆ ಮೇಷ್ಟ್ರು ಓದಿಕೊಂಡಿರಬೇಕು.