ದಾನಿಯೇಲ ಬೇಡ, ಎಜ್ರನ ಕಡತ ತೆಗೆಯಿರಿ

ಕಂದಾಯ ಇಲಾಖೆಯಲ್ಲಿ ಗುಮಾಸ್ತನಾಗಿದ್ದು ನಿವೃತ್ತನಾದ ಮೇಲೆ ಹೀಬ್ರೂ ಕಲಿತೆ. ಮೂರು ವರ್ಷ ಹಿಡಿಯಿತು. ಇನ್ನು ಅರಾಮಿಕ್ ಏನು ಮಹಾ, ಅದೇ ಲಿಪಿ, ಬೈಬಲಿನ ಹಳೆಯ ಒಡಂಬಡಿಕೆಯಲ್ಲಿ ಇರುವುದೇ ಒಂಬತ್ತು-ಹತ್ತು ಅಧ್ಯಾಯದಷ್ಟು ಎಂದುಕೊಂಡೆ. ಪಾಠ ಹೇಳುವವರು ರೂಢಿಯಂತೆ ದಾನಿಯೇಲನ ಪುಸ್ತಕ ತೆರೆಸಿದರು. ಅದರ 2ನೇ ಅಧ್ಯಾಯದ 4ನೇ ವಚನದಲ್ಲಿ, ಪಂಡಿತರು ರಾಜ ನೆಬೂಕದ್ನೆಚ್ಚರನಿಗೆ ಉತ್ತರ ಕೊಡಲು ಬಾಯಿ ತೆರೆಯುವಲ್ಲಿ, ಹೀಬ್ರೂ ನಿಂತು ಅರಾಮಿಕ್ ಶುರುವಾಗುತ್ತದೆ. ನಾನೂ ಅಲ್ಲೇ ನಿಂತೆ.

ಕಾಡಿದ್ದು ಹೊಸ ಪದಗಳಲ್ಲ, ಗೊತ್ತಿದ್ದ ಪದಗಳು. ಹೀಬ್ರೂವಿನಲ್ಲಿ 'ಮಲ್ಕಾ' ಎಂದರೆ ರಾಣಿ. ಅರಾಮಿಕ್‌ನಲ್ಲಿ ಅದೇ ಉಚ್ಚಾರಕ್ಕೆ ರಾಜ ಎಂದರ್ಥ. ಎರಡು ವಾರ ನೆಬೂಕದ್ನೆಚ್ಚರನಿಗೆ ಸೀರೆ ಉಡಿಸಿದ್ದೆ! ಮೇಲೆ ಕನಸು, ಪ್ರತಿಮೆ, ಮೃಗಗಳು ಬೇರೆ.

ಬೇಸತ್ತು ಎಜ್ರನ ಪುಸ್ತಕ ತಿರುವಿದೆ. ಅಲ್ಲಿ ನಮ್ಮ ತಾಲ್ಲೂಕು ಕಚೇರಿಯೇ ಕೂತಿತ್ತು. ಪರ್ಷಿಯಾದ ಅರಸರ ಮಾತು ಬೇರೆ, ಕಚೇರಿಯ ಭಾಷೆ ಅರಾಮಿಕ್; ಹಾಗಾಗಿ ಪತ್ರಗಳನ್ನು ಆ ಭಾಷೆಯಲ್ಲೇ ಇಟ್ಟಿದ್ದಾರೆ. ಜೆರುಸಲೇಮಿನವರ ಮೇಲೆ ದೂರು ಬರೆದವರಲ್ಲಿ ಶಿಂಷೈ ಎಂಬ ಗುಮಾಸ್ತನಿದ್ದಾನೆ. ಅವನ ಹುದ್ದೆ 'ಸಾಫ್ರಾ', ಹೀಬ್ರೂವಿನ 'ಸೋಫೇರ್'. ಪತ್ರದ ನಕಲಿಗೆ 'ಪರ್ಷೆಗೆನ್' ಎನ್ನುತ್ತಾರೆ, ಅದು ಪಾರಸಿಯಿಂದ ಬಂದದ್ದು. ನಮ್ಮ ಶಿರಸ್ತೇದಾರ, ತಹಶೀಲ್ದಾರರೂ ಅದೇ ದಾರಿಯಲ್ಲಿ ಬಂದವರಲ್ಲವೇ?

6ನೇ ಅಧ್ಯಾಯವಂತೂ ಕಡತ ಹುಡುಕುವ ಕಥೆ. ಜೆರುಸಲೇಮಿನ ದೇವಾಲಯ ಕಟ್ಟಲು ಹಿಂದಿನ ಅರಸ ಕೋರೆಷ ಅಪ್ಪಣೆ ಕೊಟ್ಟಿದ್ದನೇ ಎಂದು ಪರ್ಷಿಯಾದ ಅರಸ ದಾರ್ಯಾವೆಷ ಬಾಬಿಲೋನಿನ ದಫ್ತರಖಾನೆ ಶೋಧಿಸಲು ಹೇಳುತ್ತಾನೆ. ಸುರುಳಿ ಸಿಗುವುದು ದೂರದ ಅಹ್ಮೆತದಲ್ಲಿ. ಕೇಳಿದ ಕಡತ ಕೇಳಿದ ಕಪಾಟಿನಲ್ಲಿ ಎಂದಾದರೂ ಇರುತ್ತದೆಯೇ! ಅದರಲ್ಲಿ ದೇವಾಲಯದ ಲೆಕ್ಕ: ಎತ್ತರ 60 ಮೊಳ, ಅಗಲ 60 ಮೊಳ, ಖರ್ಚು ಅರಮನೆಯದ್ದು. ಸುರುಳಿಯ ತಲೆಬರಹ 'ದಿಖ್ರೋನಾ'. ಹೀಬ್ರೂವಿನ 'ಝಿಕ್ಕಾರೋನ್', ನೆನಪು. ಕಚೇರಿಯಲ್ಲಿ ನಾನೇ ನೂರಾರು ಸಲ ಹಾಳೆಯ ನೆತ್ತಿಗೆ ಬರೆದ ಪದ: ಜ್ಞಾಪನ.

ಆ ಒಂದು ಪದ ಬೀಗ ತೆಗೆಯಿತು. ಹೀಬ್ರೂವಿನ 'ಝ' ಇಂಥ ಕಡೆ ಅರಾಮಿಕ್‌ನಲ್ಲಿ 'ದ' ಆಗುತ್ತದೆ. ಚಿನ್ನ 'ಝಾಹಾವ್' ಇದ್ದದ್ದು 'ದೆಹಾವ್'. ತಮಿಳರ ಪಾಲು ನಮ್ಮಲ್ಲಿ ಹಾಲಾದ ಹಾಗೆ. ಎಲ್ಲ 'ಝ'ವೂ ಹೀಗೆ ಬದಲಾಗುವುದಿಲ್ಲ, ಆದರೆ ಬದಲಾಗುವುದು ಗೊತ್ತಿದ್ದರೆ ಅರ್ಧ ನಿಘಂಟು ಕೈಯಲ್ಲೇ ಇರುತ್ತದೆ.

ಹೀಬ್ರೂ ಮುಗಿಸಿದವರಿಗೆ ಅರಾಮಿಕ್ ಹೇಳಿಕೊಡುವವರಲ್ಲಿ ನನ್ನ ಅರಿಕೆ ಇಷ್ಟೇ: ಮೊದಲು ಎಜ್ರನ ಪತ್ರಗಳನ್ನು ಓದಿಸಿ. ದಾನಿಯೇಲನ ಸಿಂಹಗಳು ಆರು ತಿಂಗಳು ಕಾಯಲಿ.